ಫಣಿರಾಜನ ಕಾಲಗತ್ತರಿ

"ಸಿನಿಮಾ ಕತ್ತರಿಸಿದ್ದು ಸಾಕು ರಾಯ್ರೇ, ಇನ್ನು ಕಾಲ ಕತ್ತರಿಸ್ತೀನಿ!"

ನಾನು ಗಾಬರಿಯಿಂದ ಕಾಲು ಹಿಂದಕ್ಕೆಳೆದುಕೊಂಡೆ.

"ಆ ಕಾಲಲ್ಲ, ಟೈಮು!" ಎಂದು ನಮ್ಮ ಮಹಡಿ ಮನೆಯ ಫಣಿರಾಜ ಚಪಾತಿ ಡಬ್ಬಿಯಂಥದೊಂದನ್ನು ತನ್ನ ಕೋಣೆಯ ಮೇಜಿನ ಮೇಲಿಟ್ಟ.

ಇಪ್ಪತ್ತೆರಡು ವರ್ಷ ಕಂಡವರ ಸಿನಿಮಾಗಳನ್ನು ಎಡಿಟ್ ಮಾಡಿದವನು, ತಾನೇ ನಿರ್ಮಾಪಕನಾಗಿ ಒಂದು ಸಿನಿಮಾ ಮುಗಿಸಿ ಆರು ವರ್ಷವಾಗಿತ್ತು. ಬಿಡುಗಡೆಯ ಭಾಗ್ಯವಿಲ್ಲ. ಅಂದು ಥಿಯೇಟರ್ ಮಾಲೀಕ ನಂಜುಂಡಾರಾಧ್ಯರು ಅದನ್ನು ನೋಡಲು ಬರುವವರಿದ್ದರು. ಅವರು ಹ್ಞೂಂ ಎಂದರೆ ಉಂಟು, ಇಲ್ಲದಿದ್ದರೆ ಇಲ್ಲ.

"ಬಾಯಲ್ಲಿ ಏನು ಮಾಡ್ತೀನಿ ಅಂತೀರೋ, ಅದು ಮುಗಿಯೋವರೆಗಿನ ಟೈಮನ್ನ ಈ ಡಬ್ಬಿ ಕಟ್ ಮಾಡುತ್ತೆ. ಕಾಯೋ ಗೋಳೇ ಇಲ್ಲ! ಎಲ್ಲಿ, ಕಾಫಿ ಕುಡೀತೀನಿ ಅನ್ನಿ."

ಅಂದೆ. ಟಕ್! ಕೈಯಲ್ಲಿ ಖಾಲಿ ಲೋಟ. ನಾಲಿಗೆ ಸುಟ್ಟಿದೆ, ಕುಡಿದ ನೆನಪು ಮಾತ್ರ ಇಲ್ಲ!

"ಇದರಿಂದ ನಂಗೇನಯ್ಯಾ ಸುಖ?"

"ಟೈಮು ಉಳೀತಲ್ಲ!"

ಅಷ್ಟರಲ್ಲಿ ಆರಾಧ್ಯರು ಬಂದು ಕುರ್ಚಿಯಲ್ಲಿ ಕೂತರು. "ಹಾಕಪ್ಪ, ನಿನ್ನ ಸಿನಿಮಾ ನೋಡ್ತೀನಿ."

ಟಕ್! ಪರದೆಯ ಮೇಲೆ 'ಶುಭಂ'.

"ಹೇಗಿತ್ತು ಸಾರ್?"

"ಶುರುವಾಯ್ತೇನು?"

ಫಣಿರಾಜನ ಮುಖ ಇಳಿದುಹೋಯಿತು. ನನಗೂ ಅಯ್ಯೋ ಎನ್ನಿಸಿತು. "ಆಫ್ ಮಾಡೋ ಅದನ್ನ!" ಎಂದು ಪಿಸುಗುಟ್ಟಿದೆ.

"ಆಫ್ ಸ್ವಿಚ್ಚು ಸುಮ್ನೆ ಎಳೆತ, ಲ್ಯಾಗು ಅಂತ ಕಟ್ ಮಾಡ್ಬಿಟ್ಟೆ ರಾಯ್ರೇ!"

ಆರಾಧ್ಯರು ತಲೆ ಕೆರೆದುಕೊಂಡು ಎದ್ದರು. "ಹೋಗ್ಬರ್ತೀನಪ್ಪ."

ಟಕ್! ಬಾಗಿಲಲ್ಲಿ ಮತ್ತೆ ಆರಾಧ್ಯರು! ಕೈಯಲ್ಲಿ ಬದನೆಕಾಯಿ ಚೀಲ.

"ನಾನ್ಯಾಕೆ ಬಂದೆ?"

"ಹೋಗಿ ಬರ್ತೀನಿ ಅಂತ ನೀವೇ ಅಂದ್ರಲ್ಲ!"

"ಅಂದೆ, ಸರಿ. ಹೋಗ್ಬರ್ತೀನಿ."

ಟಕ್! ಈ ಸಲ ಲುಂಗಿ, ಒಂದು ಕೆನ್ನೆ ತುಂಬ ಶೇವಿಂಗ್ ಸೋಪಿನ ನೊರೆ.

"ಬರೀ 'ಹೋಗ್ತೀನಿ' ಅಂದ್ಬಿಡಿ ಸ್ವಾಮಿ," ಎಂದೆ.

"ಬಿಡ್ತು ಅನ್ರೀ! ಮನೆಯಿಂದ ಹೊರಡೋವಾಗ ಹಾಗನ್ನಬಾರದು!"

ಶಾಸ್ತ್ರ ಬಿಡುವ ಆಸಾಮಿಯಲ್ಲ. ಏಳನೆಯ ಸಲ ಬಂದಾಗ ಸುಸ್ತಾಗಿ ಹೊಸ್ತಿಲಲ್ಲೇ ಕುಸಿದರು. "ನನಗೆ ಬಿಡುಗಡೆ ಕೊಡಪ್ಪಾ! ನಿನ್ನ ಸಿನಿಮಾನೂ ಬಿಡುಗಡೆ ಮಾಡ್ತೀನಿ!"

ಟಕ್!

ಮೂವರೂ ಥಿಯೇಟರ್ ಎದುರು ನಿಂತಿದ್ದೆವು. ಮೊದಲ ದಿನದ ಆಟ ಮುಗಿದು ಜನ ಹೊರಗೆ ಬರುತ್ತಿದ್ದರು. ಹೂ ಮುಡಿದ ಹೆಂಗಸೊಬ್ಬಳು ಸೆರಗಿನಲ್ಲಿ ಕಣ್ಣೊರೆಸಿಕೊಂಡಳು. ಫಣಿರಾಜ ಅವಳ ಹಿಂದೆಯೇ ಓಡಿದ.

"ಯಾಕಮ್ಮ ಅಳ್ತಿದೀರಿ? ಯಾವ ಸೀನಲ್ಲಿ ಅಳು ಬಂತು? ಹೇಳಿ ತಾಯಿ!"

"ಪಕ್ಕದಲ್ಲೇ ಕೂತು ನೀವೂ ಅಳ್ತಿದ್ರಲ್ಲ ಸ್ವಾಮಿ!"

ಫಣಿರಾಜ ಕೆನ್ನೆ ಮುಟ್ಟಿ ನೋಡಿಕೊಂಡ. ಒದ್ದೆಯಾಗಿತ್ತು. ಆರು ವರ್ಷ ಕಾದ ದಿನ ಬಂದು ಹೋಗಿಯೇಬಿಟ್ಟಿತ್ತು, ಪಾಪ.

ನನ್ನ ಜೇಬಿನಲ್ಲೂ ಹರಿದ ಟಿಕೆಟ್ಟಿತ್ತು. ಕೇಳಿದವರಿಗೆಲ್ಲ ಸಿನಿಮಾ ಚೆನ್ನಾಗಿದೆ, ಎಲ್ಲೂ ಬೋರಾಗಲಿಲ್ಲ ಎನ್ನುತ್ತಿದ್ದೇನೆ.