ಆದೇಶ ಸಂಧಿ

ಬಹಳ ಹಿಂದೆ, ಪತ್ರಿಕೆಗಳು ಕೂಡ ನಿಜವನ್ನೇ ಅಚ್ಚು ಹಾಕುತ್ತಿದ್ದ ಕಾಲದಲ್ಲಿ, ದ್ವಿತಟವೆಂಬ ರಾಜ್ಯವಿತ್ತು. ಎರಡು ದಡ, ನಡುವೆ ಜಲಸಂಧಿ. ಕೂಗಿದರೆ ಕೇಳುವಷ್ಟು ಕಿರಿದು, ಈಜಿದರೆ ಸಾಯುವಷ್ಟು ಸೆಳೆತ. ಇದ್ದದ್ದೊಂದು ಮುದಿ ದೋಣಿ, ಅದರ ತಳವೂ ತೂತು. ಆಸ್ಥಾನ ಭೂಗರ್ಭಪಂಡಿತ ಶಿಲಾಚಾರಿಯ ತಾಯಿಯಿಲ್ಲದ ಮಗಳು ಹವಳಿ ಆಚೆ ದಡದಲ್ಲಿ ತುಂಬು ಬಸುರಿ. ಹೆರಿಗೆಗೆ ಅಪ್ಪನೇ ಬರಬೇಕೆಂದು ಹೇಳಿಕಳಿಸಿದ್ದಳು. ಹಾಗಾಗಿ ಪಂಡಿತ ದೋಣಿಗೊಂದು ಹಲಗೆ ಬೇಡಲು ಓಲಗಕ್ಕೆ ಹೋದ.

ಮಹಾರಾಜ ಉದ್ಘಾಟನವರ್ಮರು ರಾಜದಂಡದ ಬದಲು ಕತ್ತರಿ ಹಿಡಿದು ವಿರಾಜಮಾನರಾಗಿದ್ದರು. ಕತ್ತರಿಸಲು ಟೇಪೇ ಸಿಗದೆ ಅವರ ಆರೋಗ್ಯವೂ ಇಮೇಜೂ ಹದಗೆಟ್ಟಿದ್ದವು.

"ಏನ್ರೀ ಪಂಡಿತರೇ, ನಿಮ್ ಇಲಾಖೇಲಿ ಏನಾದ್ರೂ ನಡೀತಿದೆಯೋ ಇಲ್ವೋ?"

ಶಿಲಾಚಾರಿ ಬಾಯಿ ತಪ್ಪಿ ನಿಜ ಹೇಳಿಬಿಟ್ಟ. "ನಡೀತಿದೆ ಪ್ರಭು. ಕೋಟಿ ವರ್ಷದ ಹಿಂದೆ ಎರಡು ದಡವೂ ಒಂದೇ ನೆಲ. ಭೂಮಿಯ ಚಿಪ್ಪು ಬಿರೀತು, ನಡುವೆ ನೆಲ ಕುಸೀತು, ಕಡಲು ನುಗ್ತು. ಈಗ ಅದೇ ಚಿಪ್ಪು ವಾಪಸ್ ತಳ್ತಿದೆ. ವರ್ಷಕ್ಕೆ ಉಗುರು ಬೆಳೆದಷ್ಟು ದಡಗಳು ಹತ್ತಿರ ಬರ್ತಿವೆ. ಹತ್ತು ಸಾವಿರ ವರ್ಷಕ್ಕೆ ಕೂಡ್ಕೋಬಹುದು. ಅಲ್ಲೀತನಕ ದೋಣಿಗೆ ಒಂದು ಹಲಗೆ..."

"ಕೂಡ್ಕೋತವಾ!" ಮಹಾರಾಜರು ಎದ್ದೇ ನಿಂತರು. "ಅಂದ್ರೆ ಕಾಮಗಾರಿ ಪ್ರಗತಿಯಲ್ಲಿದೆ ಅನ್ನಿ."

ಆಸ್ಥಾನದ ವೈಯಾಕರಣಿ ಸೂತ್ರಭಟ್ಟರು ಅವಕಾಶ ಬಿಡುವವರಲ್ಲ. "ಜಲಸಂಧಿ ಅನ್ನೋದ್ರಲ್ಲೇ ಸಂಧಿ ಇದೆ ಮಹಾಪ್ರಭು! ಲೋಪಸಂಧೀಲಿ ಅಕ್ಷರ ಬಿಟ್ಟುಹೋಗೋ ಹಾಗೆ ನಡುವಿನ ಕಡಲೂ ಬಿಟ್ಟುಹೋಗುತ್ತೆ."

"ಲೋಪ ಅನ್ಬೇಡ್ರೀ, ವಿರೋಧಿಗಳು ಎತ್ತಿ ಆಡ್ತಾರೆ."

"ಹಾಗಾದ್ರೆ ಆದೇಶಸಂಧಿ. ತಾವು ಆದೇಶ ಕೊಟ್ರಿ, ಭೂಮಿ ಸಂಧಿ ಮಾಡ್ತು."

ಸಂಜೆಯೊಳಗೆ ಡಂಗುರ ಬಿತ್ತು. ರಾಜಾಜ್ಞೆಯಂತೆ ದಡಗಳು ಕೂಡುತ್ತಿವೆ. ಕೂಡಲಿರುವ ನೆಲಕ್ಕೆ ಪ್ರಜೆಗಳು ಇಂದಿನಿಂದಲೇ ಟೋಲ್ ಕೊಡತಕ್ಕದ್ದು. ಪ್ರಗತಿಯಲ್ಲಿರುವ ನೆಲದ ಮೇಲೆ ದೋಣಿ ಹಾಯಿಸುವುದು ರಾಜದ್ರೋಹ. ಮುದಿ ದೋಣಿಯನ್ನು ಒಡೆದು ಸಮಾರಂಭದ ವೇದಿಕೆಗೆ ಮೆಟ್ಟಿಲು ಮಾಡಿದರು. ಶಿಲಾಚಾರಿಗೆ 'ಭೂಸಂಧಾನ ಭಾಸ್ಕರ' ಎಂಬ ಬಿರುದು ಬಂತು. ಗಣಪತಿ ಮಾಡಲು ಹೋಗಿ ಅವರಪ್ಪನನ್ನು ಮಾಡಿದಂತಾಯಿತು ಅವನ ಕಥೆ. ಊರ ಜನ ಅವನನ್ನೇ ಶಪಿಸಿದರು, ಶಪಿಸಿದ್ದರಲ್ಲಿ ತಪ್ಪೇನೂ ಇರಲಿಲ್ಲ.

ಉದ್ಘಾಟನೆಯ ದಿನ ಮಹಾರಾಜರು ಅಲೆಗಳ ಎದುರು ಟೇಪು ಕತ್ತರಿಸಿದರು. ಟೋಲ್ ಕೊಟ್ಟ ಜನ ಮೊಣಕಾಲುದ್ದ ನೀರಲ್ಲಿ ನಿಂತು ಚಪ್ಪಾಳೆ ತಟ್ಟಿದರು. ಅಷ್ಟರಲ್ಲಿ ಆಚೆ ದಡದಿಂದ ಯಾರೋ ಕೂಗಿದರು. "ಪಂಡಿತ್ರೇ! ಹವಳಿಗೆ ನೋವು ಶುರುವಾಗಿದೆ! ಅಪ್ಪಾ ಅಪ್ಪಾ ಅಂತಿದಾಳೆ, ಬೇಗ ಬನ್ನಿ!"

ಶಿಲಾಚಾರಿ ಬಿರುದಿನ ಶಾಲು ಕಿತ್ತೆಸೆದು ನೀರಿನತ್ತ ಓಡಿದ. ಕಾವಲುಗಾರರು ಹಿಡಿದರು.

ಮಹಾರಾಜರು ವಾತ್ಸಲ್ಯದಿಂದ ಅವನ ಬೆನ್ನು ತಟ್ಟಿದರು. "ನೀವ್ಯಾಕ್ರೀ ಹೋಗ್ಬೇಕು? ದಡದ ಸಮೇತ ಅವಳೇ ಬರ್ತಿದಾಳಲ್ಲ!"