ಗುಣಿಸಿದರೂ ಒಂದು, ಕೂಡಿಸಿದರೂ ಒಂದು

ನನ್ನ ಸೋದರಮಾವನಿಗೆ ಒಂದು ಹುಚ್ಚಿತ್ತು ಎಂದರೆ ಹಾನಗಲ್ಲಿನಲ್ಲಿ ಯಾರೂ ಒಪ್ಪುತ್ತಿರಲಿಲ್ಲ. “ಒಂದ ಏನ್ರಿ? ಎಣಿಸಿ ನೋಡ್ರಿ!” ಎನ್ನುತ್ತಿದ್ದರು. ಒಂದೇ ಎಂಬುದು ನನ್ನ ವಾದ. ಅದರ ಹೆಸರು ಬೀಜಗಣಿತ! ಮ್ಯಾಟ್ರಿಕ್‌ನಲ್ಲಿ ಇಂಗ್ಲಿಷು ಅವನನ್ನು ಮೂರು ಸಲ ಕೆಡವಿತ್ತು, ಬೀಜಗಣಿತ ಮೂರು ಸಲವೂ ಕೈಹಿಡಿದಿತ್ತು. ಆ ಋಣಕ್ಕೆ, ಹೊಲ ನೋಡಿಕೊಳ್ಳುತ್ತಲೇ ಕಂಡದ್ದನ್ನೆಲ್ಲ ಅಪವರ್ತಿಸುತ್ತ ತಿರುಗುತ್ತಿದ್ದ.

x²+5x+6 ಕಂಡರೆ ಸಾಕು, ಅವನ ಮುಖ ಅರಳುತ್ತಿತ್ತು. “ಗುಣಿಸಿದರ ಆರು, ಕೂಡಿಸಿದರ ಐದು. ಯಾವ ಎರಡು ಅಂಕಿ, ಹೇಳ?” ಎರಡು ಮತ್ತು ಮೂರು ಎಂದರೆ (x+2)(x+3) ಎಂದು ಎರಡು ಕಂಸಗಳಲ್ಲಿ ಬರೆದು ಮೀಸೆ ತಿರುವುತ್ತಿದ್ದ. ಎಷ್ಟು ರೊಟ್ಟಿ ಬೇಕೋ ಎಂದು ಅವನ ತಾಯಿ, ಅಂದರೆ ನನ್ನ ಆಯಿ, ಕೇಳಿದರೂ ಅದೇ: “ಗುಣಿಸಿದರ ಆರು, ಕೂಡಿಸಿದರ ಐದು. ಅದರಾಗ ಸಣ್ಣದು ಹಾಕು.” ಆಯಿ ಆರಕ್ಕೆ ಐದು ಸೇರಿಸಿ ಹನ್ನೊಂದು ಹಾಕಿದಳು! “ತಪ್ಪು ಉತ್ತರಾ ತಿಂದ ತೀರಸಬೇಕಾತು” ಎಂದು ಹೊಟ್ಟೆ ಹಿಡಿದುಕೊಂಡು ಎದ್ದ.

ಒಮ್ಮೆ ಕೊಟ್ಟಿಗೆಯ ಬಾಗಿಲ ಮೇಲೆ ಸುಣ್ಣದಿಂದ ಆ ಕಂಸಗಳನ್ನು ಬರೆದ. ಆಯಿ ಅದನ್ನು ಮಂತ್ರವೆಂದು ತಿಳಿದು ವಿಭೂತಿ ಹಚ್ಚಿದಳು. ಅದೇ ವಾರ ಎಮ್ಮೆ ಸುಖವಾಗಿ ಈಯಿತು. ತಗೊಳ್ಳಿ! ಓಣಿಯ ಮೂರು ಕೊಟ್ಟಿಗೆಗಳಿಗೆ ಬೀಜಗಣಿತ ಬಂತು.

ನಾನು ಆಯಿಯ ಮನೆಯಲ್ಲೇ ಇದ್ದು ಶಾಲೆಗೆ ಹೋಗುತ್ತಿದ್ದೆ. ನನಗೆ ಹದಿಮೂರಾದಾಗ ಆಯಿ, ನನ್ನ ಅಪ್ಪ ಕೂಡಿ ನನ್ನನ್ನು ಇದೇ ಮಾವನಿಗೆ ಕೊಡುವುದೆಂದು ಗೊತ್ತುಮಾಡಿದರು. ಅಕ್ಕನ ಮಗಳು, ಮುಗಿದೇ ಹೋಯಿತಲ್ಲ! ಶಾಲೆ ಬಿಡಿಸುವುದೂ ನಿಶ್ಚಯವಾಯಿತು. ನಾನು ಕಣಜದ ಹಿಂದೆ ಕುಳಿತು ಅತ್ತೆ. ಮಾವ ಮಾತ್ರ ಶಾಂತವಾಗಿ ಹೇಳಿದ: “ನನಗ ಒಪ್ಪಿಗಿ. ಆದರ ಆಕಿ ಒಂದ ಲೆಕ್ಕಾ ಬಿಡಸಬೇಕು. ಬಿಡಿಸಿದ ದಿನಾನ ಲಗ್ನದ ಅಕ್ಕಿಕಾಳು ಹಾಕ್ರಿ.”

ನನ್ನ ಪಾಟಿಯ ಮೇಲೆ x²+x+1 ಎಂದು ಬರೆದುಕೊಟ್ಟ. ಗುಣಿಸಿದರೂ ಒಂದು, ಕೂಡಿಸಿದರೂ ಒಂದು!

ಕಂಸಗಳ ಮೇಲೆ ಆಯಿಗೆ ಭಕ್ತಿಯಿತ್ತಲ್ಲ, ತಟ್ಟನೆ ಒಪ್ಪಿದಳು. “ಒಂದ ಲೆಕ್ಕಾನ? ಹಂಗಾರ ಸಾಲಿಗೆ ಹೋಗ್ಲಿ, ಲಗೂನ ಕಲೀಲಿ!” ಲಗ್ನ ಬೇಗ ಆಗಲೆಂದು ಹುಡುಗಿಯನ್ನು ಶಾಲೆಗೆ ಕಳಿಸಿದ ಮನೆ ನಮ್ಮದೊಂದೇ ಇರಬೇಕು.

ನನಗೆ ಮಾವನ ಹೆಂಡತಿಯಾಗುವುದು ಬೇಡವಾಗಿತ್ತು, ಲೆಕ್ಕಕ್ಕೆ ಸೋಲುವುದೂ ಬೇಡವಾಗಿತ್ತು. ಪಾಟಿ ಸವೆಯಿತು, ಮಹಾಯುದ್ಧ ಶುರುವಾಗಿ ಸೀಮೆಎಣ್ಣೆ ತುಟ್ಟಿಯಾಯಿತು, ಲೆಕ್ಕ ಅಲ್ಲಾಡಲಿಲ್ಲ. ಶಿಗ್ಗಾಂವಿಯಿಂದ ನನ್ನನ್ನು ನೋಡಲು ಬಂದವರಿಗೆ ಆಯಿ, “ಹುಡುಗಿ ನಮ್ಮ ಹುಡುಗಗ ಗೊತ್ತಾಗೇತ್ರಿ, ಲೆಕ್ಕಾ ಒಂದ ಬಾಕಿ” ಎಂದು ಚಹಾ ಕುಡಿಸಿ ಕಳಿಸಿದಳು. ಹಿರೇಕೆರೂರಿನಿಂದ ಮಾವನಿಗೆ ಬಂದ ಹೆಣ್ಣನ್ನು ಅವನೂ ಒಲ್ಲೆನೆಂದ.

ಮ್ಯಾಟ್ರಿಕ್ಕಿನ ವರ್ಷ, ತಡೆಯಲಾರದೆ ಮಾಸ್ತರರಿಗೆ ತೋರಿಸಿದೆ. ಅವರು ನಕ್ಕರು. “ಇದು ಒಡೆಯೂದಿಲ್ಲವ್ವಾ. ಅಂಥಾ ಎರಡು ಅಂಕಿನ ಇಲ್ಲ. ಯಾರು ಕೊಟ್ಟರು ನಿನಗ?”

ಮನೆಗೆ ಓಡಿದೆ. “ಮಾಮಾ, ಅದು ಒಡೆಯೂದ ಇಲ್ಲಂತ!”

ಮಾವ ಅಡಿಗೆಮನೆಯತ್ತ ನೋಡಿ ದನಿ ತಗ್ಗಿಸಿದ. “ನನಗ ಗೊತ್ತೈತಿ. ನಿಮ್ಮ ಆಯಿಗೆ ಹೇಳಬ್ಯಾಡ. ಪರೀಕ್ಷಾ ಮುಗಿಯೂಮಟ ಬಿಡಿಸ್ಕೋತ ಇರು.”

ಅವನ ಕಿವಿಯ ಬಳಿ ಕೂದಲು ನರೆತಿತ್ತು. ನಾಲ್ಕು ವರ್ಷ, ಬೇರೆ ಯಾರೂ ನನ್ನನ್ನು ಒಯ್ಯದಂತೆ, ತಾನೇ ವರನಾಗಿ ಬಾಗಿಲಿಗೆ ಅಡ್ಡ ಕುಳಿತಿದ್ದ. ನಾನೋ, ಅಷ್ಟೂ ವರ್ಷ ಅವನನ್ನು ಬೈದುಕೊಂಡಿದ್ದೆ. ನಾಚಿಕೆಯಿಂದ ಅಳು ಬಂತು.

ಆಯಿ ಎಂದಿನಂತೆ ಒಳಗಿನಿಂದ ಕೂಗಿದಳು: “ಲೆಕ್ಕಾ ಬಿಡಿಸಿದೇನವ್ವಾ?”

ಕಣ್ಣೊರೆಸಿಕೊಂಡು ಹೇಳಿದೆ: “ಇನ್ನೂ ಇಲ್ಲ ಆಯಿ.”