ರೋಬಸ್ಟಾ ಬಾಯ್ಸ್ ಮತ್ತು ಒಂದು ಕೂಗು

ಗಂಡಸರು ‘ಸ್ವತಂತ್ರವಾಗಿ ಮಾಡಿದ್ದು’ ಎಂದು ಹೇಳಿಕೊಳ್ಳುವ ಯಾವ ಕೆಲಸದ ಹಿಂದೆಯೂ ಒಂದು ಅಡುಗೆಮನೆ ಇದ್ದೇ ಇರುತ್ತದೆ ಎಂಬುದು ನನ್ನ ಅನುಭವ. ಈಚೆಗೆ ಹಾಸನದ ಲೇಖಕರೊಬ್ಬರು ನಮ್ಮ ಸೀಮೆಯ ಸ್ವತಂತ್ರ ಸಂಗೀತದ ಚರಿತ್ರೆಯೆಂದು ಒಂದು ದಪ್ಪ ಪುಸ್ತಕ ಬರೆದಿದ್ದಾರೆ. ಸಿನಿಮಾದವರ ಹಂಗಿಲ್ಲದೆ, ಕ್ಯಾಸೆಟ್ ಕಂಪನಿಯವರ ಹಂಗಿಲ್ಲದೆ ಸ್ವಂತ ಹಾಡು ಕಟ್ಟಿದವರ ಕಥೆಯಂತೆ. ಅದರಲ್ಲಿ ಒಂದು ಇಡೀ ಅಧ್ಯಾಯ ನಮ್ಮ ಯಜಮಾನರ ತಂಡ ‘ರೋಬಸ್ಟಾ ಬಾಯ್ಸ್’ಗೆ ಮೀಸಲು. ಯಾರ ಹಂಗೂ ಇಲ್ಲದ ಈ ಬಾಯ್ಸ್ ಅಭ್ಯಾಸ ಮಾಡುತ್ತಿದ್ದುದು ಹಾನುಬಾಳಿನ ನಮ್ಮ ಮನೆಯ ಊಟದ ಕೋಣೆಯಲ್ಲಿ. ಸ್ಟೋರ್ ತುಂಬ ಕಾಫಿ ಮೂಟೆ ಇತ್ತಲ್ಲ. ನಾನಾಗ ಹೊಸ ಸೊಸೆ. ಅವರ ಸ್ವಾತಂತ್ರ್ಯಕ್ಕೆ ಅಕ್ಕಿರೊಟ್ಟಿ ತಟ್ಟಿ ತಟ್ಟಿ ನನ್ನ ಅಂಗೈ ಕೆಂಪಾಗುತ್ತಿತ್ತು.

ಸಂಗೀತದ ಬಗ್ಗೆ ನಾನು ಮಾತಾಡಬಾರದು, ಒಪ್ಪುತ್ತೇನೆ. ಕಾನ್ವೆಂಟಿನ ಪ್ರಾರ್ಥನೆಯಲ್ಲಿ ಸಿಸ್ಟರ್ ನನಗೆ, "ನೀನು ಬಾಯಿ ಮಾತ್ರ ಆಡಿಸು ಮಗು" ಎಂದಿದ್ದರು. ಆದರೂ ಗಿಟಾರಿನ ತಂತಿ ಬಿಗಿಮಾಡುವುದಕ್ಕೂ ಅದನ್ನು ನುಡಿಸುವುದಕ್ಕೂ ಏನೋ ವ್ಯತ್ಯಾಸ ಇರಬೇಕೆಂದು ನನ್ನ ನಂಬಿಕೆ. ಇವರಲ್ಲಿ ಅದು ಕಂಡಿದ್ದು ಕಡಿಮೆ. ಈಗ ಕುಂದೂರಿನಲ್ಲಿ ಗೊಬ್ಬರದಂಗಡಿ ಇಟ್ಟಿರುವ ಲೋಕೇಶಣ್ಣ ಡ್ರಮ್ ಬಾರಿಸಿದರೆ ಕೂಲಿಯಾಳುಗಳ ಲೈನುಮನೆಯ ನಾಯಿಗಳೆಲ್ಲ ತೋಟ ಬಿಟ್ಟು ಓಡುತ್ತಿದ್ದವು. ಪುಸ್ತಕದ ಪ್ರಕಾರ ಅದು ‘ಮಣ್ಣಿನ ಲಯ’.

ಇದನ್ನೂ ಸಹಿಸಬಹುದಿತ್ತು. ಆದರೆ ಅಧ್ಯಾಯದ ಹೆಸರೇ ‘ಘಟ್ಟದ ಕೂಗು’. ಅದೇ ಊಟದ ಕೋಣೆಯಲ್ಲಿ ರೆಕಾರ್ಡ್ ಮಾಡಿದ ಇವರ ಏಕೈಕ ಕ್ಯಾಸೆಟ್ಟಿನಲ್ಲಿ, ಹಾಡಿನ ನಟ್ಟನಡುವೆ ಒಂದು ಕೂಗು ಏಳುತ್ತದೆ. ಅದು ‘ನೊಂದ ಬೆಟ್ಟಗಳ ಆಕ್ರಂದನ’ ಎಂದು ಲೇಖಕರು ಪುಟಗಟ್ಟಲೆ ಬರೆದಿದ್ದಾರೆ. ಓದಿದವಳು ಕುರ್ಚಿಯಿಂದ ಬೀಳುವುದೊಂದು ಬಾಕಿ. ಅದು ನನ್ನ ಕುಕ್ಕರ್ ಕೂಗಿದ್ದು! ಒಳಗೆ ನೊಂದಿದ್ದು ಅಲಸಂದೆ ಕಾಳು.

"ನೀವು ಹೇಳಲಿಲ್ಲವೇನ್ರೀ?" ಎಂದೆ.

"ಹೇಳ್ದೆ ಕಣೆ. ಇದೇನು ಸೌಂಡು ಅಂದ್ರು, ನಮ್ಮನೆ ಕೂಗು ಅಂದೆ. ಅವ್ರು ಕಣ್ಣಲ್ಲಿ ನೀರು ಹಾಕ್ಕೊಂಡ್ಬುಟ್ರು. ಆಮೇಲೆ ಹೆಂಗೆ ಹೇಳಾದು ಮಾರಾಯ್ತಿ?"

ಪುಸ್ತಕ ಬಂದಮೇಲೆ ಯಜಮಾನರ ನಡಿಗೆಯೇ ಬದಲಾಗಿತ್ತು. ಕ್ಲಬ್ಬಿನಲ್ಲಿ ಇವರನ್ನು ಇಸ್ಪೀಟಿಗೆ ಕೈ ಕಡಿಮೆಯಾದಾಗ ಮಾತ್ರ ಕರೆಯುತ್ತಿದ್ದವರು ಈಗ ಎದ್ದು ಕುರ್ಚಿ ಬಿಡುತ್ತಿದ್ದರು. ಅಷ್ಟರಲ್ಲಿ ಲೇಖಕರು ಫೋನ್ ಮಾಡಿ, ಎರಡನೇ ಮುದ್ರಣಕ್ಕೆ ಇನ್ನಷ್ಟು ವಿವರ ಬೇಕು, ಭಾನುವಾರ ಬರುತ್ತೇನೆ ಎಂದರು. ಲೋಕೇಶಣ್ಣ ಹಿಂದಿನ ದಿನವೇ ಓಡಿಬಂದರು.

"ಅತ್ಗೆ, ನಿಜ ಗೊತ್ತಾದ್ರೆ ಸಕಲೇಶಪುರದ ತುಂಬ ನಮ್ಮನ್ನ ಕುಕ್ಕರ್ ಬಾಯ್ಸ್ ಅಂತಾರೆ. ತಲೆ ಎತ್ಕೊಂಡು ತಿರುಗಂಗಿಲ್ಲ. ನಾಳೆ ಒಂದಿನ ಅದನ್ನ ಒಲೆ ಮೇಲೆ ಇಡ್ಬ್ಯಾಡಿ."

ನಾಟಿಕೋಳಿಯನ್ನು ಬರಿ ಪಾತ್ರೆಯಲ್ಲಿ ಬೇಯಿಸಿದವರಿಗೇ ಗೊತ್ತು. ಚರಿತ್ರೆಯನ್ನು ಉಳಿಸಲು ನಾನು ಬೆಳಗಿನಿಂದ ಬೆವರು ಸುರಿಸಿದೆ. ಆದರೂ ಅದು ಬೆಂದಿರಲಿಲ್ಲ. ಲೇಖಕರು ಜಗಿದೂ ಜಗಿದೂ, "ಇಲ್ಲಿಯ ಊಟದಲ್ಲೂ ಒಂದು ಪ್ರತಿರೋಧ ಇದೆ" ಎಂದರು.

ಆಮೇಲೆ ನನ್ನತ್ತ ತಿರುಗಿದರು. "ಅಮ್ಮಾ, ಮತ್ತೆ ಮತ್ತೆ ಕೇಳಿದೆ. ಆ ಕೂಗು ಗಂಡಸಿನದಲ್ಲ. ನಿಜ ಹೇಳಿ, ಯಾರದ್ದು?"

ಯಜಮಾನರು ಮಜ್ಜಿಗೆ ಲೋಟದೊಳಗೆ ಮುಖ ಹುದುಗಿಸಿದರು. ಲೋಕೇಶಣ್ಣನ ಬಾಯಲ್ಲಿದ್ದ ತುಂಡು ಅಲ್ಲೇ ನಿಂತಿತು. ಒಂದೇ ಪದ, ನನ್ನ ನಾಲಿಗೆಯ ತುದಿಯಲ್ಲಿತ್ತು. ಲೇಖಕರೇ ಮೆಲ್ಲಗೆ, "ಈ ಮನೆಯ ಹೆಣ್ಣುಮಗಳೊಬ್ಬಳನ್ನು ಚರಿತ್ರೆ ಮರೆತುಬಿಟ್ಟಿದೆ, ಅಲ್ವಾ?" ಎಂದರು.

ಇಷ್ಟು ವರ್ಷಗಳಲ್ಲಿ ಯಾರೂ ಹೀಗೆ ಕೇಳಿರಲಿಲ್ಲ.

"ಹೌದು, ಕೂಗಿಸಿದ್ದು ನಾನೇ" ಎಂದೆ. ವ್ಯಾಕರಣದ ಪ್ರಕಾರ ಅದು ಸುಳ್ಳಲ್ಲ. ಅವರ ಕಿವಿಗೆ ‘ಕೂಗಿದ್ದು’ ಎಂದು ಬಿದ್ದರೆ ನಾನೇನು ಮಾಡಲಿ?

ಈಗ ಪುಸ್ತಕಕ್ಕೆ ಗಾಯಕಿಯ ಫೋಟೋ ಬೇಕಂತೆ. ನಿನ್ನೆ ಸಕಲೇಶಪುರದ ಸ್ಟುಡಿಯೋಗೆ ಹೊರಟು ನಿಂತಾಗ ಯಜಮಾನರು ನನ್ನನ್ನು ಮೇಲಿಂದ ಕೆಳಗೆ ನೋಡಿ, "ಕಾಳು ಬೇಯ್ಸಿದ್ದಕ್ಕೆ ರೇಷ್ಮೆ ಸೀರೆ ಬೇರೆ ಕೇಡು!" ಎಂದರು. ನಾನು ಉತ್ತರ ಕೊಡಲಿಲ್ಲ. ಹಾಡುವವರು ಗಂಟಲು ಕಾಪಾಡಿಕೊಳ್ಳಬೇಕಲ್ಲ.